ದಾರಿ ಬಂದೋಬಸ್ತಿಗೆ ಹೋದವಳು

ಪೊಲೀಸ್ ಕೆಲಸ ಎಂದರೆ ಕಳ್ಳರನ್ನು ಹಿಡಿಯುವುದು ಎಂದುಕೊಂಡೇ ನಾನೂ ಸೇರಿದ್ದು. ಆಲ್ದೂರಿನಲ್ಲಿ ನಮ್ಮಪ್ಪನದೊಂದು ದಿನಸಿ ಅಂಗಡಿ ಇತ್ತು. ಖಾಕಿ ಹಾಕಿಕೊಂಡು ಮೊದಲ ಸಲ ಅಂಗಡಿಯ ಮುಂದೆ ಬಸ್ಸಿಳಿದಾಗ ಅಪ್ಪ ತಕ್ಕಡಿ ಬಿಟ್ಟು ಎದ್ದು ನಿಂತರು. ಮಗಳು ಎಂದು ಗುರುತು ಸಿಕ್ಕ ಮೇಲೆ ನಾಚಿಕೊಂಡು ಕೂತರು. ಆಮೇಲೆ ನಾನು ಎಷ್ಟೋ ಮನೆಗಳಿಗೆ ಹೋದೆ, ಎಷ್ಟೋ ಜನ ನನ್ನನ್ನು ನೋಡಿ ಎದ್ದು ನಿಂತರು. ಕೂತು ಮಾತಾಡಿದವರು ಕಡಿಮೆ.

ನನ್ನ ಸರ್ವಿಸ್‌ನಲ್ಲಿ ನಾನು ಹಿಡಿದ ಕಳ್ಳರು ಬೆರಳೆಣಿಕೆಯಷ್ಟು. ಹಿಡಿದದ್ದೆಲ್ಲ ಹೆಂಗಸರ ರಟ್ಟೆ. ಗೇಟಿಗೆ ಅಡ್ಡ ಕೂತವರು, ಬೇಲಿ ಕಂಬ ತಬ್ಬಿಕೊಂಡವರು, ಜೆಸಿಬಿಯ ಮುಂದೆ ಮಲಗಿದವರು. ಈಗ ಇಲಾಖೆಗೆ ಸೇರುತ್ತಿರುವ ಹೆಣ್ಣುಮಕ್ಕಳು ಕೆಲವರು ನನ್ನ ಹತ್ತಿರ ಬಂದು, "ಮೇಡಂ, ಏನಾದ್ರೂ ಹೇಳಿ" ಎನ್ನುತ್ತಾರೆ. ಟ್ರೈನಿಂಗ್‌ನಲ್ಲಿ ಹೇಳಿಕೊಡದಿರುವುದು ಒಂದೇ ಇದೆ. ಅದು ದಾರಿ ಗಲಾಟೆ. ಅದನ್ನೇ ಬರೆಯುತ್ತೇನೆ.

ನಮ್ಮ ಕಡೆ ಮನೆಗಳು ರಸ್ತೆಯ ಪಕ್ಕ ಇರುವುದಿಲ್ಲ. ತೋಟದ ನಡುವೆ, ಗುಡ್ಡದ ಓರೆಯಲ್ಲಿ, ಒಂದೊಂದು ಮನೆ ಒಂದೊಂದು ಕಡೆ. ರಸ್ತೆ ಸೇರಬೇಕಾದರೆ ಯಾರಾದರೊಬ್ಬರ ಜಾಗ ದಾಟಲೇಬೇಕು. ಹಿಂದೆಂದೋ ಒಬ್ಬರು ಬಾಯಿಮಾತಲ್ಲಿ, "ಹೋಗು ಮಾರಾಯ, ದಾರಿ ನಾನು ಹೊತ್ತುಕೊಂಡು ಹೋಗ್ತೀನಾ" ಎಂದು ಬಿಟ್ಟಿರುತ್ತಾರೆ. ಹಾಗೆ ಬಿಟ್ಟವರೂ ಬಿಡಿಸಿಕೊಂಡವರೂ ತೀರಿಕೊಂಡ ಮೇಲೆ, ತೋಟ ಪಾಲಾದ ಮೇಲೆ, ಯಾವುದೋ ಬೆಳಿಗ್ಗೆ ಆ ದಾರಿಗೊಂದು ಗೇಟು ಬೀಳುತ್ತದೆ.

ದಾರಿ ಮುಚ್ಚಿಹೋದ ಮನೆಯವರು ಮೊದಲು ಓಡಿ ಬರುವುದು ಠಾಣೆಗೆ. ಠಾಣೆಯಲ್ಲಿ ಸಾಹೇಬರು, "ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ" ಎಂದು ಕಳಿಸುತ್ತಾರೆ. ಅವರು ಲಾಯರ್ ಹಿಡಿದು ದಾವೆ ಹಾಕಿ, ದಾರಿಗೆ ಅಡ್ಡಿ ಮಾಡಬಾರದು ಎಂದು ತಾತ್ಕಾಲಿಕ ತಡೆಯಾಜ್ಞೆ ತರುತ್ತಾರೆ. ಆಜ್ಞೆಯ ಕಾಗದ ನೋಡಿ ಗೇಟು ತಾನಾಗಿ ತೆರೆದುಕೊಳ್ಳುವುದಿಲ್ಲವಲ್ಲ. ಮತ್ತೆ ಠಾಣೆಗೆ ಬರುತ್ತಾರೆ. "ನಮಗೆ ಕೋರ್ಟಿಂದ ನೇರವಾಗಿ ಹೇಳಿಲ್ಲ" ಎಂಬ ಉತ್ತರ ಸಿಗುತ್ತದೆ. ಇನ್ನೊಂದು ಅರ್ಜಿ ಹಾಕಿ, ಆಜ್ಞೆ ಜಾರಿಯಾಗಲು ಪೊಲೀಸ್ ರಕ್ಷಣೆ ಕೊಡಿ ಎಂದು ಠಾಣಾಧಿಕಾರಿಗೇ ಕೋರ್ಟು ಹೇಳಿದ ಮೇಲೆ ನಮ್ಮ ಜೀಪು ಹೊರಡುತ್ತದೆ. ಅಷ್ಟು ಹೊತ್ತಿಗೆ ಎರಡು ಮನೆಯವರ ನಡುವೆ ಉಳಿದಿದ್ದ ಅಷ್ಟಿಷ್ಟು ಮಾತೂ ಮುಗಿದಿರುತ್ತದೆ.

ಜೀಪು ಬರುವ ಸುದ್ದಿ ಸಿಕ್ಕ ಕೂಡಲೇ ಗಂಡಸರು ಹಿಂದೆ ಸರಿದು ಹೆಂಗಸರನ್ನು ಮುಂದೆ ಕೂರಿಸುತ್ತಾರೆ. ಗಂಡು ಪೊಲೀಸರು ಮುಟ್ಟುವ ಹಾಗಿಲ್ಲ ಎಂಬುದು ಎಲ್ಲರಿಗೂ ಗೊತ್ತು. ಆಗ ನಮ್ಮ ಸರ್ಕಲ್‌ನಲ್ಲಿ ಮಹಿಳಾ ಪೊಲೀಸರು ತೀರಾ ಕಡಿಮೆ. "ಸುಮಿತ್ರಾನ ಕಳಿಸಿ" ಎಂದು ಫೋನು ಬರುತ್ತಿತ್ತು. ಆಲ್ದೂರಿಂದ ಮೂಡಿಗೆರೆಗೆ, ಮೂಡಿಗೆರೆಯಿಂದ ಕಳಸಕ್ಕೆ, ಸಾಲ ಕೊಟ್ಟ ಪಾತ್ರೆಯ ಹಾಗೆ ನಾನು ಠಾಣೆಯಿಂದ ಠಾಣೆಗೆ ಹೋಗುತ್ತಿದ್ದೆ. ಯಾವ ಠಾಣೆಯಲ್ಲೂ ನನ್ನದು ಎನ್ನುವ ಕುರ್ಚಿ ಇರಲಿಲ್ಲ. ಬಟ್ಟೆ ಬದಲಿಸಲು ಎಷ್ಟೋ ಕಡೆ ಪಕ್ಕದ ಮನೆಯವರನ್ನು ಕೇಳಬೇಕಾಗುತ್ತಿತ್ತು.

ನಮ್ಮ ಇನ್ಸ್‌ಪೆಕ್ಟರ್ ಒಬ್ಬರಿದ್ದರು. ದಪ್ಪ ಮೀಸೆ, ಮೆತ್ತಗಿನ ದನಿ. ಪ್ರತಿ ಸಲ ಜೀಪು ಹತ್ತುವಾಗ ಅವರ ಸೂಚನೆ ಒಂದೇ. "ನೋಡಮ್ಮ, ಮುಟ್ಟಬಾರದು. ಆದ್ರೆ ಎಬ್ಬಿಸಬೇಕು." ಅದು ಹೇಗೆ ಸಾರ್ ಎಂದು ಒಂದು ದಿನ ಕೇಳಿದೆ. "ಅದು ನಂಗೆ ಗೊತ್ತಿದ್ರೆ ನಿನ್ನ ಯಾಕೆ ಕರ್ಕೊಂಡು ಹೋಗ್ತಿದ್ದೆ?" ಎಂದರು.

ಅವರದೇ ಒಂದು ಪಜೀತಿ ಹೇಳುತ್ತೇನೆ. ಮೂಡಿಗೆರೆ ಹತ್ತಿರದ ಒಂದು ತೋಟದಲ್ಲಿ ಮುಳ್ಳುತಂತಿ ತೆಗೆಸಿ ದಾರಿ ಬಿಡಿಸಬೇಕಿತ್ತು. ಅರ್ಜಿದಾರರು ಆ ದಿನ ಬಂದಿರಲಿಲ್ಲ. ಮೋಡ ಕವಿದಿತ್ತು, ಸಾಹೇಬರಿಗೆ ಬೇಗ ಮುಗಿಸುವ ಅವಸರ. ಆಜ್ಞೆಯಲ್ಲಿದ್ದ ಚೆಕ್ಕುಬಂದಿಯನ್ನು, ಅಂದರೆ ಜಾಗದ ನಾಲ್ಕು ದಿಕ್ಕಿನ ಗಡಿಯನ್ನು, ಗಟ್ಟಿಯಾಗಿ ಓದಿ, ಪಶ್ಚಿಮ ಎಂದು ಪೂರ್ವಕ್ಕೆ ಕೈ ತೋರಿಸಿದರು. ನಾವು ತಂತಿ ಬಿಚ್ಚಿ ಸುರುಳಿ ಸುತ್ತಿ ಬದಿಗಿಟ್ಟೆವು. ಆಗ ಮೇಲಿನ ಮನೆಯಿಂದ ಒಬ್ಬ ಮುದುಕರು ಇಳಿದು ಬಂದು ಬಹಳ ವಿನಯದಿಂದ, "ಸ್ವಾಮಿ, ಎರಡು ಮನೆಯವರೂ ಆಚೆ ಕಡೆ ನಿಮಗೆ ಕಾಯ್ತಾ ಇದ್ದಾರೆ. ಇದು ನನ್ನ ಬೇಲಿ, ನಂದು ಯಾರ ಮೇಲೂ ಕೇಸಿಲ್ಲ" ಎಂದರು. ಬಿಚ್ಚಿದ ತಂತಿಯನ್ನು ನಾವೇ ಕಟ್ಟಿಕೊಟ್ಟೆವು. ಸಾಹೇಬರೂ ಟೋಪಿ ತೆಗೆದಿಟ್ಟು ಒಂದು ತುದಿ ಹಿಡಿದರು. ಅಲ್ಲಿಂದ ಮುಂದೆ ಅರ್ಜಿದಾರರು ಸ್ಥಳದಲ್ಲಿ ನಿಂತು ತೋರಿಸದೆ ನಾನು ಒಂದು ಕಲ್ಲನ್ನೂ ಸರಿಸಿದ್ದಿಲ್ಲ. ನೀವೂ ಸರಿಸಬೇಡಿ. ಆಜ್ಞೆಯಲ್ಲಿ ಕಾಲುದಾರಿ ಎಂದಿದೆಯೋ ವಾಹನದ ದಾರಿ ಎಂದಿದೆಯೋ, ಅದನ್ನೂ ಮೊದಲೇ ಓದಿಕೊಳ್ಳಿ. ಸ್ಥಳದಲ್ಲಿ ಎಲ್ಲ ಜಗಳ ಬರುವುದು ಅದರ ಮೇಲೆಯೇ.

ಆ ಕಾಲದಲ್ಲಿ ಯಾರ ಮನೆಯಲ್ಲೂ ನೀರು ಸಹ ಕುಡಿಯುವ ಹಾಗಿರಲಿಲ್ಲ. ಒಬ್ಬರ ಮನೆಯಲ್ಲಿ ಕುಡಿದರೆ ಇನ್ನೊಬ್ಬರು, "ಪೊಲೀಸ್ರು ಅವ್ರ ಕಡೆ" ಎನ್ನುತ್ತಿದ್ದರು. ಈಗ ಇನ್ನೂ ಕಷ್ಟ. ನಾವು ಜೀಪಿಳಿಯುವ ಮೊದಲೇ ಎರಡೂ ಕಡೆ ಮೊಬೈಲ್ ಎತ್ತಿ ಹಿಡಿದಿರುತ್ತಾರೆ. ಆಜ್ಞೆಯ ನಕಲು ಬರುವ ಮೊದಲೇ ಅದರ ಫೋಟೊ ವಾಟ್ಸಾಪಿನಲ್ಲಿ ಊರೆಲ್ಲ ಸುತ್ತಿರುತ್ತದೆ. ನೀವು ಯಾರನ್ನಾದರೂ ಎಬ್ಬಿಸಲು ಕೈ ಚಾಚಿದರೆ ಆ ಕೈ ಸಂಜೆಯೊಳಗೆ ನಿಮ್ಮ ಅಕ್ಕನ ಮಗಳ ಫೋನಿಗೂ ಬಂದಿರುತ್ತದೆ.

ಇಷ್ಟೆಲ್ಲ ಹೇಳಿದ್ದು ಸಂಸೆಯ ಹತ್ತಿರದ ಒಂದು ಪ್ರಕರಣ ಹೇಳುವುದಕ್ಕಾಗಿ. ಉಳಿದವು ಒಂದರೊಳಗೊಂದು ಕಲಸಿಹೋಗಿವೆ. ಇದು ಹೋಗಿಲ್ಲ.

ಎರಡು ಮನೆ. ಕೆಳಗಿನ ಮನೆ ರಸ್ತೆಗೆ ಹತ್ತಿರ, ಅದು ಗೌರಮ್ಮನವರದು. ಗಂಡ ತೀರಿಕೊಂಡಿದ್ದರು, ಮಕ್ಕಳಿರಲಿಲ್ಲ. ಜಾಗ ಅವರ ಹೆಸರಿನಲ್ಲಿತ್ತು, ತೋಟ ನೋಡಿಕೊಳ್ಳುತ್ತಿದ್ದವನು ಮೈದುನ ಶಿವರಾಜ. ಮೇಲಿನ ಮನೆ ಲಲಿತಮ್ಮ ಮತ್ತು ಅವರ ಗಂಡ ಸೋಮಣ್ಣನವರದು. ಚಿಕ್ಕ ಹಿಡುವಳಿ. ಮೇಲಿನ ಮನೆಗೆ ಹೋಗುವ ದಾರಿ ಗೌರಮ್ಮನವರ ಕಾಫಿ ಒಣಗಿಸುವ ಕಣದ ಅಂಚಿನಲ್ಲಿ, ಅಡುಗೆಮನೆಯ ಬಾಗಿಲ ಮುಂದೆಯೇ ಹಾದು ಹೋಗುತ್ತಿತ್ತು.

ಶಿವರಾಜ ಆ ದಾರಿಗೆ ಕಬ್ಬಿಣದ ಗೇಟು ಹಾಕಿಸಿ ಬೀಗ ಜಡಿದಿದ್ದ. ಮೂಡಿಗೆರೆ ಕೋರ್ಟು ತಡೆಯಾಜ್ಞೆ ಕೊಟ್ಟಿತು. ಶಿವರಾಜ ಬೀಗ ತೆಗೆದ, ಒಂದು ವಾರಕ್ಕೆ ಮತ್ತೆ ಹಾಕಿದ. ಲಲಿತಮ್ಮ ಮತ್ತೆ ಕೋರ್ಟಿಗೆ ಹೋದರು. ಕಾಫಿ ಕೊಯ್ಲು ಮುಗಿಯುವವರೆಗೆ ಪೊಲೀಸ್ ರಕ್ಷಣೆ ಕೊಡಬೇಕೆಂದು ಆದೇಶವಾಯಿತು. ಅದರಲ್ಲಿ ನಡಿಗೆಗೂ ವಾಹನಕ್ಕೂ ದಾರಿ ಎಂದು ಸ್ಪಷ್ಟವಾಗಿ ಬರೆದಿತ್ತು.

ಮೊದಲ ದಿನ ನಾವು ಹೋದಾಗ ಗೇಟಿನ ಮುಂದೆ ಗೌರಮ್ಮನವರು ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಕೂತಿದ್ದರು. ಅರವತ್ತರ ಆಚೆಯ ವಯಸ್ಸು, ಭಾರದ ಮೈ, ಹಣೆಯಲ್ಲಿ ವಿಭೂತಿ. ಹಿಂದೆ ಶಿವರಾಜ ಮೊಬೈಲ್ ಹಿಡಿದು ನಿಂತಿದ್ದ.

ಸಬ್ ಇನ್ಸ್‌ಪೆಕ್ಟರ್ ಹೊಸಬರು, ಒಳ್ಳೆಯ ಮನುಷ್ಯ. "ಅಮ್ಮಾ, ಕೋರ್ಟ್ ಆರ್ಡರ್ ಇದೆ. ದಯವಿಟ್ಟು ಏಳಿ" ಎಂದರು.

"ಕೋರ್ಟಿಗೆ ನಮ್ಮ ಕಣ ಎಲ್ಲುಂಟು ಅಂತ ಗೊತ್ತುಂಟಾ? ಅವ್ರ ಜೀಪಿನ ಧೂಳೆಲ್ಲ ನಮ್ಮ ಕಾಫಿ ಮೇಲೆ. ಏಳೂದಿಲ್ಲ" ಎಂದರು ಗೌರಮ್ಮ.

ಸಾಹೇಬರು ನನ್ನ ಕಡೆ ನೋಡಿದರು. ನಾನು ಹೋಗಿ ಬಗ್ಗಿ ಅವರ ಎಡ ರಟ್ಟೆಗೆ ಕೈ ಹಾಕಿದೆ. ಆಗ ನನ್ನ ಕಿವಿಯ ಹತ್ತಿರ ಅವರೊಂದು ಮಾತು ಹೇಳಿದರು. "ಆ ಭುಜ ನೋಯ್ತದೆ ಮಾರಾಯ್ತಿ. ಈಚೆ ಕೈ ಹಿಡಿರಿ." ನಾನು ಸುತ್ತಿ ಬಂದು ಬಲಗೈ ಹಿಡಿದೆ. ಅವರು ಸಲೀಸಾಗಿ ಎದ್ದರು. ಎದ್ದ ಕೂಡಲೇ ಮೊಬೈಲ್ ಕಡೆ ತಿರುಗಿ, "ನೋಡಿ, ಮುದುಕಿ ಅಂತ ನೋಡದೆ ಎಳೀತಿದ್ದಾರೆ!" ಎಂದು ಕೂಗಿದರು. ನನಗೆ ನಗು ಬಂತು. ಸಾಹೇಬರ ಮುಂದೆ ನಗುವ ಹಾಗಿರಲಿಲ್ಲ.

ಗೇಟು ತೆರೆದೆವು. ಲಲಿತಮ್ಮನವರ ಜೀಪು ಕಾಫಿ ಮೂಟೆ ಹೊತ್ತು ಇಳಿದು ಹೋಯಿತು. ಸೋಮಣ್ಣನವರೇ ಓಡಿಸುತ್ತಿದ್ದರು. ಸಣಕಲು ಮನುಷ್ಯ, ಮೆಲ್ಲಗೆ ಉಸಿರಾಡುತ್ತಿದ್ದರು. ಪಕ್ಕದಲ್ಲಿ ಕೂತ ಲಲಿತಮ್ಮ ನೇರ ಮುಂದಕ್ಕೇ ನೋಡುತ್ತಿದ್ದರು.

ಸಾಹೇಬರು ನನ್ನನ್ನೂ ಒಬ್ಬ ಕಾನ್‌ಸ್ಟೇಬಲ್‌ನನ್ನೂ ಅಲ್ಲಿ ಬಿಟ್ಟು ಹೋದರು. ಅಲ್ಲಿಂದ ಮುಂದೆ ದಿನಾ ಕಳಸದಿಂದ ಮೊದಲ ಬಸ್ಸಿಗೆ ಬಂದು, ಸಂಜೆ ಬಸ್ಸಿಗೆ ವಾಪಸ್. ಕಾನ್‌ಸ್ಟೇಬಲ್ ಹುಡುಗನಿಗೆ ರಸ್ತೆಯ ಬದಿಯಲ್ಲಿ ಫೋನ್ ಸಿಗ್ನಲ್ ಸಿಗುತ್ತಿತ್ತು, ಅವನು ಅಲ್ಲೇ ಇರುತ್ತಿದ್ದ. ನಾನು ಗೇಟಿನ ಪಕ್ಕದ ಹಲಸಿನ ಮರದ ಬುಡದಲ್ಲಿ ಕೂರುತ್ತಿದ್ದೆ. ಕೂಲಿಗೆ ಬಂದ ಹೆಂಗಸರು ನನ್ನ ಎದುರು ಹಾಯುವಾಗ ಮಾತು ನಿಲ್ಲಿಸಿ, ದಾಟಿದ ಮೇಲೆ ಮತ್ತೆ ಶುರು ಮಾಡುತ್ತಿದ್ದರು. ಎಂತದಕ್ಕೆ ನಗುತ್ತಾರೆಂದು ನನಗೆ ಎಂದೂ ತಿಳಿಯಲಿಲ್ಲ. ಕಟ್ಟಿಕೊಂಡು ಬಂದ ಚಿತ್ರಾನ್ನವನ್ನು ಮರದ ಹಿಂದೆ ಹೋಗಿ ತಿನ್ನುತ್ತಿದ್ದೆ. ಊರಿನ ನಡುವೆ ಇದ್ದೂ ಊರಿನಲ್ಲಿ ಇಲ್ಲದಿರುವುದು ಅಂದರೆ ಅದೇ. ಮದುವೆಯ ಮಾತು ನನಗೆ ಎರಡು ಸಲ ಬಂದಿತ್ತು, ಎರಡು ಸಲವೂ ಹೀಗೇ ಯಾವುದೋ ಊರಿನ ಬೇಲಿಯ ಬದಿಯಲ್ಲಿ ಡ್ಯೂಟಿಯಲ್ಲಿದ್ದೆ. ಅಲ್ಲಿ ಕೂತಾಗ ಅದೆಲ್ಲ ನೆನಪಾಗುತ್ತಿತ್ತು.

ಗೌರಮ್ಮನವರು ಹಗಲೆಲ್ಲ ಕಣದಲ್ಲಿರುತ್ತಿದ್ದರು. ಪಾದ ಎಳೆಯುತ್ತಾ ನಡೆದು ಕಾಲಲ್ಲೇ ಕಾಫಿ ಮಗುಚುವುದು ಅವರ ರೂಢಿ. ಮೂರನೆಯದೋ ನಾಲ್ಕನೆಯದೋ ದಿನ, ನನ್ನ ಕಡೆ ನೋಡದೆಯೇ, ಕಾಫಿಗೆ ಹೇಳುವ ಹಾಗೆ ಮಾತು ಶುರು ಮಾಡಿದರು.

"ಮೊದ್ಲು ಅವಳು ನಡ್ಕೊಂಡೇ ಹೋಗ್ತಿದ್ಲು. ಬಸ್ಸಿಗೆ ಹೋಗುವಾಗ ಒಂದ್ಸಲ, ಬರುವಾಗ ಒಂದ್ಸಲ. ಅಡುಗೆಮನೆ ಬಾಗ್ಲಲ್ಲಿ ನಿಂತು, 'ಗೌರಕ್ಕಾ, ಎಂತ ಅಡುಗೆ?' ಅಂತ ಕೇಳದೆ ಹೋದವಳಲ್ಲ. ನಾನು ನೋಡ್ಕೊಂಡೇ ಇರ್ತಿದ್ದೆ, ಈಗ ಬರ್ತಾಳೆ ಅಂತ."

ಅವರು ಬಗ್ಗಿ ಕಾಫಿಯ ನಡುವಿನ ಒಂದು ಕಡ್ಡಿ ಆರಿಸಿ ಆಚೆ ಬಿಸಾಡಿದರು.

"ಆಮೇಲೆ ಜೀಪು ಬಂತು. ಸೋಮಣ್ಣನಿಗೆ ಹಾರ್ಟಿನ ತೊಂದ್ರೆ, ಆಸ್ಪತ್ರೆಗೆ ಬೇಕು, ತಪ್ಪೇನಿಲ್ಲ. ಆದ್ರೆ ಜೀಪು ನಿಲ್ಲೂದಿಲ್ಲ ಅಲ್ವಾ? ಬುರ್ರಂತ ಹೋಗಿಬಿಡ್ತದೆ. ಒಂದು ಮಳೆಗಾಲ ಪೂರ್ತಿ ನಾನು ಅವಳ ಮುಖ ಸರಿಯಾಗಿ ನೋಡ್ಲಿಲ್ಲ. ಇವ್ನು, ಶಿವರಾಜ, ಧೂಳು ಧೂಳು ಅಂತ ಗೇಟ್ ಹಾಕ್ತೀನಿ ಅಂದ. ಹಾಕು ಅಂದೆ." ಅವರು ಕಣದ ತುದಿ ಮುಟ್ಟಿ ತಿರುಗಿದರು. "ಗೇಟ್ ಹಾಕಿದ್ರೆ ಇಳಿದು ಬಂದು ಕೇಳ್ತಾಳೆ ಅಂದ್ಕೊಂಡೆ. ಎಂತಕ್ಕೆ ಗೌರಕ್ಕಾ ಹೀಗೆ ಮಾಡಿದ್ರಿ ಅಂತ. ಅವಳು ಸೀದಾ ಕೋರ್ಟಿಗೆ ಹೋದ್ಲು."

"ನೀವೇ ಹೋಗಿ ಮಾತಾಡಬಹುದಿತ್ತಲ್ಲ ಅಮ್ಮ" ಎಂದೆ.

"ಲಾಯರ್ ಬೇಡ ಅಂದಿದ್ದಾರೆ. ಮಾತಾಡಿದ್ರೆ ನೀವೇ ತಪ್ಪು ಒಪ್ಪಿಕೊಂಡ ಹಾಗೆ ಆಗ್ತದೆ ಅಂತ."

ಲಲಿತಮ್ಮನವರ ಲಾಯರೂ ಅವರಿಗೆ ಅದನ್ನೇ ಹೇಳಿದ್ದರು. ಮರುದಿನ ಲಲಿತಮ್ಮನವರು ಗೇಟಿನ ಹತ್ತಿರ ಜೀಪು ನಿಲ್ಲಿಸಿಕೊಂಡು, ಕೂಲಿಯವರು ಬರುವುದನ್ನು ಕಾಯುತ್ತಾ ನನ್ನ ಜೊತೆ ನಾಲ್ಕು ಮಾತಾಡಿದರು. ಗೌರಮ್ಮ ಕಣದ ಆ ತುದಿಯಲ್ಲಿದ್ದರು. ಲಲಿತಮ್ಮ ಅತ್ತ ಕಡೆ ಬೆನ್ನು ಹಾಕಿ, ದನಿ ತಗ್ಗಿಸಿ, "ಕಾಲು ಊದಿದೆಯಾ ಅವ್ರಿಗೆ? ಹೋದ ವರ್ಷವೂ ಹೀಗೇ ಊದಿತ್ತು" ಎಂದು ಕೇಳಿದರು. ನಾನು, "ಗೊತ್ತಿಲ್ಲಮ್ಮ" ಎಂದೆ. ಊದಿತ್ತು. ನಾನು ನೋಡಿದ್ದೆ. ಆದರೆ ಒಂದು ಮನೆಯ ಸುದ್ದಿ ಇನ್ನೊಂದು ಮನೆಗೆ ಹೇಳಬಾರದು ಎಂಬುದು ನಮಗೆ ಹಾಕಿಕೊಟ್ಟ ನಿಯಮ. ಹೇಳಿದರೆ ಅದು ನಾಳೆ ಯಾವ ರೂಪದಲ್ಲಿ ಕೋರ್ಟಿಗೆ ಬರುತ್ತದೋ ಯಾರಿಗೆ ಗೊತ್ತು.

ಹೀಗೆ ನನಗೆ ಎರಡೂ ಕಡೆಯದು ಗೊತ್ತು, ಹೇಳುವ ಹಾಗಿಲ್ಲ. ಕಳಸದ ಕ್ವಾರ್ಟರ್ಸಿಗೆ ಹೋಗಿ ಬೂಟು ಬಿಚ್ಚುವಾಗ ಯಾರ ಹತ್ತಿರವಾದರೂ ಇದನ್ನು ಹೇಳಬೇಕು ಎನಿಸುತ್ತಿತ್ತು. ಅಲ್ಲಿಯೂ ಯಾರೂ ಇರಲಿಲ್ಲ.

ಕೊಯ್ಲು ಮುಗಿಯುತ್ತಾ ಬಂದಿತ್ತು. ಒಂದು ಬೆಳಿಗ್ಗೆ ನಾನು ಬಸ್ಸಿಳಿದು ಗೇಟಿಗೆ ಬರುವ ಹೊತ್ತಿಗೆ ಜೀಪು ವೇಗವಾಗಿ ಇಳಿದು ಬಂತು. ಓಡಿಸುತ್ತಿದ್ದವನು ತೋಟದ ಮೇಸ್ತ್ರಿ. ಹಿಂದೆ ಸೋಮಣ್ಣ ಲಲಿತಮ್ಮನವರ ತೊಡೆಯ ಮೇಲೆ ತಲೆ ಇಟ್ಟು ಮಲಗಿದ್ದರು. ಗೇಟು ತೆರೆದೇ ಇತ್ತು. ಜೀಪು ನಿಲ್ಲದೆ ಹೋಯಿತು. ದಾರಿಯಲ್ಲಿ ಒಂದು ಕ್ಷಣವೂ ತಡವಾಗಲಿಲ್ಲ, ಇದನ್ನು ನಾನು ಯಾವ ಕೋರ್ಟಿನಲ್ಲಿ ಬೇಕಾದರೂ ಹೇಳಬಲ್ಲೆ. ಆದರೂ ಸೋಮಣ್ಣ ಉಳಿಯಲಿಲ್ಲ.

ಮಧ್ಯಾಹ್ನದ ಮೇಲೆ ಆಂಬುಲೆನ್ಸು ಅವರನ್ನು ಹೊತ್ತು ತಂದಿತು. ಅಷ್ಟರಲ್ಲಿ ಶಿವರಾಜ ಗೇಟು ಮುಚ್ಚಿ ಅದಕ್ಕೆ ಬೆನ್ನು ಕೊಟ್ಟು ನಿಂತಿದ್ದ. "ಕಣದಲ್ಲಿ ಕಾಫಿ ಹರಡಿದೆ. ಹೆಣದ ಗಾಡಿ ಇಲ್ಲಿಂದ ಹೋಗೋದು ಬೇಡ. ಆರ್ಡರಲ್ಲಿ ಅವ್ರ ವಾಹನ ಅಂತ ಇದೆ, ಇದು ಅವ್ರ ವಾಹನ ಅಲ್ಲ" ಎಂದ.

"ಶಿವರಾಜಪ್ಪ, ಸರಿಯಿರಿ. ಇದು ತಕರಾರು ಮಾಡುವ ಹೊತ್ತಲ್ಲ" ಎಂದೆ. ಕಾನ್‌ಸ್ಟೇಬಲ್ ರಸ್ತೆಯಿಂದ ಓಡಿ ಬರುತ್ತಿದ್ದ. ಅವನು ಬಂದು ಮುಟ್ಟುವ ಮೊದಲೇ ಗೌರಮ್ಮನವರು ಕಣದಿಂದ ಇಳಿದು ಬಂದರು. ಮೈದುನನ ತೋಳು ಹಿಡಿದು ಪಕ್ಕಕ್ಕೆ ತಳ್ಳಿದರು. ಗೇಟನ್ನು ತಾವೇ ಎಳೆದು ತೆಗೆದು, ಅದು ತಿರುಗಿ ಮುಚ್ಚಿಕೊಳ್ಳದ ಹಾಗೆ ಮೈಯಿಂದ ಒತ್ತಿ ಹಿಡಿದು ನಿಂತರು. ಆಂಬುಲೆನ್ಸು ಹರಡಿದ ಕಾಫಿಯ ಅಂಚನ್ನು ತುಳಿದುಕೊಂಡೇ ಮೇಲೆ ಹೋಯಿತು.

ಅದು ತಿರುವಿನಲ್ಲಿ ಮರೆಯಾದ ಮೇಲೂ ಅವರು ಗೇಟು ಬಿಡಲಿಲ್ಲ. ಬಹಳ ಹೊತ್ತಿನ ಮೇಲೆ ನನ್ನ ಹತ್ತಿರ ಬಂದರು.

"ಪೊಲೀಸಮ್ಮ, ಆರ್ಡರಲ್ಲಿ ಸರಿಯಾಗಿ ಎಂತ ಬರೆದಿದ್ದಾರೆ? ನಾನು ಮೇಲೆ ಹೋಗಬಹುದಾ?"

ಆ ಪ್ರಶ್ನೆಯನ್ನು ನನ್ನ ಸರ್ವಿಸ್‌ನಲ್ಲಿ ಬೇರೆ ಯಾರೂ ಕೇಳಿದ್ದಿಲ್ಲ. ನಾನು ಹೇಳಿದೆ. "ಅಡ್ಡಿ ಮಾಡಬಾರದು ಅಂತ ಇದೆ ಅಮ್ಮ. ಹೋಗಬಾರದು ಅಂತ ಇಲ್ಲ."

"ಲಾಯರ್..."

"ಲಾಯರ್‌ಗೆ ನಾನು ಹೇಳ್ತೀನಿ ಬೇಕಾದ್ರೆ."

ಅವರು ಒಳಗೆ ಹೋಗಿ ಕಾಲು ತೊಳೆದು, ಬೇರೆ ಸೀರೆ ಉಟ್ಟು ಬಂದರು. ಊದಿದ ಕಾಲಲ್ಲಿ ಏರು ಹತ್ತಲು ಶುರು ಮಾಡಿದರು. ನಾನೂ ಸ್ವಲ್ಪ ಹಿಂದೆ ಹೋದೆ. ಆ ದಾರಿಯಲ್ಲಿ ನಾನು ಗೇಟಿನಿಂದಾಚೆ ನಡೆದದ್ದು ಅದೇ ಮೊದಲು. ಎರಡೂ ಬದಿ ಕಾಫಿ ಗಿಡಗಳು ಕೊಯ್ದು ಬರಿದಾಗಿದ್ದವು. ಅವರು ಅಲ್ಲಲ್ಲಿ ನಿಂತು ಉಸಿರು ತೆಗೆದುಕೊಳ್ಳುತ್ತಿದ್ದರು. ದಾರಿ ಅವರಿಗೆ ಚೆನ್ನಾಗಿ ಪರಿಚಯವಿತ್ತು. ಎಲ್ಲಿ ಕಲ್ಲು ಜಾರುತ್ತದೆ ಎಂದು ಹಿಂದೆ ತಿರುಗದೆ ನನಗೆ ಹೇಳುತ್ತಿದ್ದರು.

ಮೇಲಿನ ಮನೆಯ ಅಂಗಳದಲ್ಲಿ ಜನ ಸೇರಿದ್ದರು. ಸೋಮಣ್ಣನವರನ್ನು ಜಗುಲಿಯಲ್ಲಿ ಮಲಗಿಸಿದ್ದರು. ಗೌರಮ್ಮ ಅಂಗಳಕ್ಕೆ ಕಾಲಿಟ್ಟಾಗ ಜನ ಬದಿಗೆ ಸರಿದರು. ಲಲಿತಮ್ಮ ತಲೆ ಎತ್ತಿದರು.

"ಲಲಿತಾ" ಎಂದರು ಗೌರಮ್ಮ. ಅಷ್ಟೇ.

ಲಲಿತಮ್ಮ ಅವರನ್ನು ನೋಡಲಿಲ್ಲ. ನನ್ನನ್ನು ನೋಡಿದರು. "ಈ ಗೇಟಿನ ಚಿಂತೆಯಲ್ಲೇ ನನ್ನ ಮನೆಯವ್ರು ಸತ್ತದ್ದು. ರಾತ್ರಿ ನಿದ್ದೆ ಇಲ್ಲ, ಕೋರ್ಟು ಕೋರ್ಟು ಅಂತ. ಈಗ ಯಾರನ್ನ ನೋಡ್ಲಿಕ್ಕೆ ಬಂದಿದ್ದಾರೆ?" ದನಿ ಏರಲಿಲ್ಲ, ಅದೇ ಕಷ್ಟವಾಯಿತು. "ನಿಮ್ಮನ್ನ ಹಾಕಿರೋದು ನನ್ನ ರಕ್ಷಣೆಗೆ ತಾನೆ? ಹಾಗಾದ್ರೆ ಇವ್ರನ್ನ ಕರ್ಕೊಂಡು ಹೋಗಿ."

ಅಂಗಳದ ಜನ ಎಲ್ಲ ನನ್ನ ಕಡೆ ತಿರುಗಿದರು. ಅಲ್ಲಿ ಇನ್ಸ್‌ಪೆಕ್ಟರ್ ಇರಲಿಲ್ಲ, ಸಬ್ ಇನ್ಸ್‌ಪೆಕ್ಟರ್ ಇರಲಿಲ್ಲ. ಸಾವಿನ ಮನೆ. ಆ ಮನೆಯ ಒಡತಿ ಬೇಡ ಎಂದ ಮೇಲೆ ನಾನು ಎರಡನೇ ಮಾತು ಆಡುವ ಹಾಗಿರಲಿಲ್ಲ. ಗೌರಮ್ಮನವರ ಪಕ್ಕಕ್ಕೆ ಹೋಗಿ ಬಲಗೈ ಹಿಡಿದೆ.

"ಬನ್ನಿ ಅಮ್ಮ."

"ಕೈ ಬಿಡಿ. ನಾನೇ ಬರ್ತೀನಿ" ಎಂದರು, ಎಲ್ಲರಿಗೂ ಕೇಳುವ ಹಾಗೆ. ಬಿಟ್ಟೆ. ಸೋಮಣ್ಣನವರ ಕಡೆ ಒಂದು ಸಲ ಕೈ ಮುಗಿದು ತಿರುಗಿದರು. ಇಳಿಜಾರಿನ ಮೊದಲ ತಿರುವು ದಾಟಿ, ಮನೆ ಮರೆಯಾದ ಮೇಲೆ ನಿಂತರು. ಮುಂದೆ ನೋಡುತ್ತಲೇ ಕೈ ಹಿಂದಕ್ಕೆ ಚಾಚಿದರು.

"ಈಗ ಹಿಡ್ಕೊಳ್ಳಿ."

ನಾವು ಹಾಗೇ ಇಳಿದೆವು. ಅವರು ಅಳಲಿಲ್ಲ. ಕಣಕ್ಕೆ ಬಂದ ಮೇಲೆ, ಆಂಬುಲೆನ್ಸಿನ ಚಕ್ರ ಹಾದಲ್ಲಿ ಅಪ್ಪಚ್ಚಿಯಾದ ಕಾಫಿಯನ್ನು ಬೇರೆ ಮಾಡುತ್ತಾ ಕೂತರು. ಶಿವರಾಜ ಏನೋ ಹೇಳಲು ಬಂದವನು ಅವರ ಮುಖ ನೋಡಿ ಒಳಗೆ ಹೋದ.

ಸಂಜೆ ಠಾಣೆಗೆ ಹೋದಾಗ ಸಾಹೇಬರು, "ಸ್ಥಳದಲ್ಲಿ ಏನಾದ್ರೂ ತೊಂದರೆ ಆಯ್ತಾ?" ಎಂದು ಕೇಳಿದರು. ನಡೆದದ್ದನ್ನು ಹೇಳಿದೆ. ಅವರು ಪೆನ್ನು ಮುಚ್ಚಿಟ್ಟರು. "ಇದನ್ನೆಲ್ಲ ಬರೆಯೋಕೆ ಬರಲ್ಲಮ್ಮ. ಬಂದೋಬಸ್ತ್ ಶಾಂತವಾಗಿತ್ತು ಅಂತ ಬರಿ" ಎಂದರು. ಹಾಗೇ ಬರೆದೆ. ಯಾವುದೇ ಅಹಿತಕರ ಘಟನೆ ನಡೆದಿರುವುದಿಲ್ಲ ಎಂದು.

ಕೊಯ್ಲು ಮುಗಿಯಿತು, ನಮ್ಮನ್ನು ತೆಗೆದರು. ಹೊರಡುವ ದಿನ ಎರಡೂ ಮನೆಯವರು ಹೊರಗೆ ಬರಲಿಲ್ಲ. ಅದರ ನಂತರ ನಾನು ಇನ್ನೂ ಎಷ್ಟೋ ಗೇಟುಗಳನ್ನು ಕಾದೆ. ಹೊಸ ಹುಡುಗಿಯರು ಬಂದರು, ಜೊತೆಗೆ ಕೂರಲು ಜನ ಸಿಕ್ಕರು. ಎದೆಯ ಮೇಲೆ ಕ್ಯಾಮೆರಾ ಬಂತು. ಎಬ್ಬಿಸುವ ಕೆಲಸ ಮಾತ್ರ ಹಾಗೇ ಉಳಿಯಿತು.

ನಿವೃತ್ತಿಗೆ ಸ್ವಲ್ಪ ಮೊದಲು ನನ್ನನ್ನು ಚಿಕ್ಕಮಗಳೂರಿನ ಕೋರ್ಟ್ ಡ್ಯೂಟಿಗೆ ಹಾಕಿದ್ದರು. ಒಂದು ದಿನ ಕೋರ್ಟಿನ ಹೊರಗಿನ ಕಲ್ಲು ಬೆಂಚಿನಲ್ಲಿ ವಯಸ್ಸಾದವರೊಬ್ಬರು ಒಬ್ಬರೇ ಕೂತಿದ್ದರು. ಮೈ ಇಳಿದಿತ್ತು. ಹಣೆಯ ವಿಭೂತಿಯಿಂದಲೋ, ಕಾಲು ಚಾಚಿ ಕೂತ ರೀತಿಯಿಂದಲೋ, ಗೌರಮ್ಮನವರು ಎಂದು ಗುರುತು ಸಿಕ್ಕಿತು. ಅವರಿಗೂ ಸಿಕ್ಕಿತು.

"ಪೊಲೀಸಮ್ಮ! ಕೂದ್ಲು ಬೆಳ್ಳಗಾಗಿದೆ ನಿಮ್ದು" ಎಂದರು.

ಪಕ್ಕದಲ್ಲಿ ಕೂತೆ. ಮೂಡಿಗೆರೆಯಲ್ಲಿ ದಾವೆ ಲಲಿತಮ್ಮನವರ ಪರವಾಗಿ ಡಿಕ್ರಿ ಆಗಿತ್ತಂತೆ. ದಾರಿ ಶಾಶ್ವತವಾಗಿ ಅವರಿಗೆ. ಶಿವರಾಜ ಮೇಲಿನ ಕೋರ್ಟಿಗೆ ಅಪೀಲು ಹಾಕಬೇಕೆಂದು ಅತ್ತಿಗೆಯನ್ನು ಸಂಸೆಯಿಂದ ಲಾಯರ್ ಹತ್ತಿರ ಕರೆದುಕೊಂಡು ಬಂದಿದ್ದ. ಜಾಗ ಇವರ ಹೆಸರಲ್ಲಿ, ವಕಾಲತ್ತಿಗೆ ಇವರೇ ಸಹಿ ಹಾಕಬೇಕು.

"ಹಾಕೂದಿಲ್ಲ ಅಂತ ಹೇಳಿ ಎದ್ದು ಬಂದೆ. ಅವನು ಇನ್ನೂ ಒಳಗೆ ಲಾಯರ್ ಹತ್ತಿರ ಕೂಗಾಡ್ತಿದ್ದಾನೆ. ಕೂಗಾಡ್ಲಿ."

ನಾನು ಹಿಂಜರಿಯುತ್ತಾ ಕೇಳಿದೆ. "ಲಲಿತಮ್ಮ ಮಾತಾಡಿದ್ರಾ?"

"ಇಲ್ಲ." ಸೀರೆಯ ಸೆರಗನ್ನು ಬೆರಳಿಗೆ ಸುತ್ತಿ ಬಿಚ್ಚಿದರು. "ಜೀಪು ಮಾರಿಬಿಟ್ಲು, ಮೇಸ್ತ್ರಿಯೂ ಬಿಟ್ಟು ಹೋದ ಮೇಲೆ ಓಡಿಸೋರು ಯಾರು? ಈಗ ಮೊದ್ಲಿನ ಹಾಗೇ ನಡ್ಕೊಂಡು ಬಸ್ಸಿಗೆ ಹೋಗ್ತಾಳೆ. ನಮ್ಮ ಅಡುಗೆಮನೆ ಬಾಗ್ಲ ಹತ್ರ ಬಂದಾಗ ಒಂದ್ಸಲ ಕೆಮ್ತಾಳೆ."

"ಕೆಮ್ಮಾ?"

"ಹೌದು. ಅವಳಿಗೆ ಕೆಮ್ಮಿನ ಕಾಯಿಲೆ ಇಲ್ಲ, ನಂಗೆ ಗೊತ್ತಿಲ್ವಾ. ಹೋಗುವಾಗ ಒಂದ್ಸಲ, ಬರುವಾಗ ಒಂದ್ಸಲ. ನಾನು ಒಳಗಿಂದ ಪಾತ್ರೆ ಸದ್ದು ಮಾಡ್ತೀನಿ." ಅವರು ಸ್ವಲ್ಪ ನಕ್ಕರು. "ಒಂದಿನ ಅವಳು ಕೆಮ್ಮಲೇ ಇಲ್ಲ. ನನಗೆ ಊಟ ಸೇರಲಿಲ್ಲ. ಆಮೇಲೆ ಗೊತ್ತಾಯ್ತು, ತಂಗಿ ಮನೆಗೆ ಹೋಗಿದ್ಲಂತೆ."

ಶಿವರಾಜ ಹೊರಗೆ ಬರುವ ಲಕ್ಷಣ ಕಾಣಲಿಲ್ಲ. ಅವರಿಗೆ ಕಳಸದ ಬಸ್ಸು ತಪ್ಪುತ್ತದೆ ಎಂಬ ಚಿಂತೆ. ನಾನು ಡ್ಯೂಟಿಯಲ್ಲಿದ್ದ ಹುಡುಗಿಗೆ ಹೇಳಿ, ಆಟೋದಲ್ಲಿ ಅವರನ್ನು ಬಸ್ ನಿಲ್ದಾಣಕ್ಕೆ ಕರೆದುಕೊಂಡು ಹೋದೆ. ಕಿಟಕಿಯ ಪಕ್ಕ ಸೀಟು ಹಿಡಿದು ಕೂರಿಸಿ ಕೆಳಗಿಳಿದೆ. ಅವರು ಕಿಟಕಿಯಿಂದ ತಲೆ ಹೊರಗೆ ಹಾಕಿ ಕೇಳಿದರು.

"ನಿಮ್ದು ಮನೆ ಇಲ್ಲೇ ಪೇಟೆಯಲ್ಲಾ?"

"ಹೌದಮ್ಮ. ಬಾಡಿಗೆ ಮನೆ."

"ಅಕ್ಕಪಕ್ಕದವ್ರು ಮಾತಾಡ್ತಾರಾ?"

ನಾನಿರುವ ಬೀದಿಯಲ್ಲಿ ಮಕ್ಕಳು ಗಲಾಟೆ ಮಾಡಿದರೆ ತಾಯಂದಿರು ನನ್ನ ಬಾಗಿಲ ಕಡೆ ಬೆರಳು ತೋರಿಸಿ ಹೆದರಿಸುತ್ತಾರೆ. ಎದುರು ಸಿಕ್ಕರೆ ನಮಸ್ಕಾರ ಹೇಳಿ ದಾರಿ ಬಿಡುತ್ತಾರೆ.

"ಮಾತಾಡ್ತಾರೆ" ಎಂದೆ.

ಗೌರಮ್ಮ ನನ್ನ ಮುಖವನ್ನೇ ನೋಡಿದರು. ಡ್ರೈವರ್ ಬಸ್ಸು ಚಾಲು ಮಾಡಿದ. ಅವರು ಕಿಟಕಿಯಿಂದ ಕೈ ಚಾಚಿ ನನ್ನ ಕೈ ಹಿಡಿದುಕೊಂಡರು, ಬಸ್ಸು ಸ್ವಲ್ಪ ಮುಂದೆ ಸರಿಯುವವರೆಗೂ ಬಿಡಲಿಲ್ಲ.